ಮೋಡ ಬರುವುದು ಪಡುವಲಿಂದ

ನಮ್ಮೂರಿಗೆ ಒಮ್ಮೆ ಟಿವಿಯವರು ಬಂದಿದ್ದರು. ಆ ವರ್ಷ ಮಳೆ ಹಿಂದೆ ಬಿದ್ದು ಜುಲೈ ಮುಗಿಯುತ್ತ ಬಂದರೂ ನಾಟಿ ಆಗಿರಲಿಲ್ಲ. ಸಸಿಮಡಿಯಲ್ಲಿ ಅಗೆ ಹಳದಿಗೆ ತಿರುಗುತ್ತಿತ್ತು. ಕಾರಿನಿಂದ ಇಳಿದ ಮೂವರು ಹುಡುಗರು ದೊಡ್ಡಪ್ಪನನ್ನು ಬದುವಿನ ಮೇಲೆ ಕೂರಿಸಿ, ಕೈಗೊಂದು ಮಣ್ಣಿನ ಹೆಂಟೆ ಕೊಟ್ಟು, ‘ಅಜ್ಜಾ, ಹಾಗೇ ಆಕಾಶ ನೋಡಿ’ ಅಂದರು. ದೊಡ್ಡಪ್ಪ ಪಡುವಲ ಗುಡ್ಡದ ಕಡೆ ತಿರುಗಿದರು.

‘ಆ ಕಡೆ ಬೇಡ ಅಜ್ಜ, ಈ ಕಡೆ ನೋಡಿ. ಮುಖಕ್ಕೆ ಬೆಳಕು ಬೀಳಬೇಕು.’

‘ಆ ಕಡೆ ನೋಡಿ ಎಂತ ಮಾಡೋದು ಮಾರಾಯ? ಮೋಡ ಬರೋದು ಪಡುವಲಿಂದ.’

ಹುಡುಗರು ನಕ್ಕರು. ದೊಡ್ಡಪ್ಪ ನಗಲಿಲ್ಲ. ಬಂದವರಿಗೆ ಬೇಸರ ಮಾಡಬಾರದೆಂದು ಕೊನೆಗೆ ಮೂಡಲಿಗೆ ಮುಖ ಮಾಡಿ, ಒಂದು ಹನಿ ಮಳೆಯೂ ಬರಲಾರದ ದಿಕ್ಕನ್ನು ಹತ್ತು ಸೆಕೆಂಡು ದಿಟ್ಟಿಸಿ ನೋಡಿದರು. ಸಂಜೆ ಸುದ್ದಿಯಲ್ಲಿ ಅದು ಬಂತು. ಹಿಂದೆ ಒಂದು ಕೊಳಲು ಅಳುತ್ತಿತ್ತು. ಒಳಗಿನಿಂದ ಬಂದ ದೊಡ್ಡಪ್ಪ ತಮ್ಮ ಮುಖ ಕಾಣುವ ಮೊದಲೇ ಆ ಸಂಗೀತ ಕೇಳಿ, ‘ಯಾರು ತೀರಿಕೊಂಡಿದ್ದು?’ ಎಂದು ಕೇಳಿದರು.

ಆ ಹುಡುಗರ ಮೇಲೆ ನನಗೆ ಸಿಟ್ಟಿಲ್ಲ. ಅವರಿಗೆ ಸಂಜೆಯೊಳಗೆ ಇನ್ನೂ ಎರಡು ಊರು ಮುಗಿಸಬೇಕಿತ್ತು. ನಾನೂ ಪತ್ರಿಕೆಯ ಕೆಲಸಕ್ಕೆ ಹಳ್ಳಿಗೆ ಹೋಗಿ, ಇಳಿದ ಬಸ್ಸು ತಿರುಗಿ ಬರುವುದರೊಳಗೆ ‘ಗ್ರಾಮೀಣ ಬದುಕಿನ ತಲ್ಲಣ’ವನ್ನು ನೋಟ್‌ಬುಕ್ಕಿಗೆ ಇಳಿಸಿಕೊಂಡು ಬಂದವನೇ. ಆದರೆ ಕೆಲವು ವರ್ಷಗಳ ನಂತರ ಒಂದು ಭಾನುವಾರ ಚಿತ್ರಸಮಾಜವೊಂದರ ಪುಟ್ಟ ಹಾಲ್‌ನಲ್ಲಿ ಮೂರೂವರೆ ಗಂಟೆಯ ಜಪಾನಿ ಸಾಕ್ಷ್ಯಚಿತ್ರ ನೋಡುತ್ತಿದ್ದಾಗ ದೊಡ್ಡಪ್ಪನ ಮಾತು ನೆನಪಾಗಿ ನೆಟ್ಟಗೆ ಕೂತೆ. ತೆರೆಯ ಮೇಲೆ ಕೆಲವರು ಗಂಭೀರವಾಗಿ ಅದನ್ನೇ ಚರ್ಚಿಸುತ್ತಿದ್ದರು: ಗಾಳಿ ಯಾವ ಕಡೆಯಿಂದ ಬರುತ್ತದೆ?

ಆ ಚಿತ್ರ ಒಗಾವಾ ಶಿನ್ಸುಕೆಯ ‘ನಿಪ್ಪೊನ್‌ಕೊಕು ಫುರುಯಾಶಿಕಿ ಮುರಾ’, 1982ರದ್ದು. ಜಪಾನೀಯರು ಮನೆತನದ ಹೆಸರನ್ನು ಮೊದಲು ಹೇಳುವುದರಿಂದ ಒಗಾವಾ ಮನೆತನ, ಶಿನ್ಸುಕೆ ಆತನ ಹೆಸರು. ಚಿತ್ರದ ಶೀರ್ಷಿಕೆಯನ್ನು ಕನ್ನಡಕ್ಕೆ ತಂದರೆ ‘ಜಪಾನ್ ದೇಶ, ಫುರುಯಾಶಿಕಿ ಗ್ರಾಮ’ ಎಂದಾಗುತ್ತದೆ, ಲಕೋಟೆಯ ಮೇಲಿನ ವಿಳಾಸದ ಹಾಗೆ. ಈಶಾನ್ಯ ಜಪಾನಿನ ಯಾಮಗಾತಾ ಪ್ರಾಂತ್ಯದ ಬೆಟ್ಟದ ನಡುವೆ ಎಂಟೇ ಮನೆ ಉಳಿದಿದ್ದ ಊರು ಅದು. ವಯಸ್ಸಿನ ಹುಡುಗರೆಲ್ಲ ಪೇಟೆ ಸೇರಿದ್ದರು. ಚಳಿಗಾಲದಲ್ಲಿ ಮನೆಯ ಮಾಡಿನವರೆಗೂ ಹಿಮ.

1980ರಲ್ಲಿ ಅಲ್ಲಿನ ಬೇಸಿಗೆ ಬೇಸಿಗೆಯಂತೆ ಇರಲಿಲ್ಲ. ಈಶಾನ್ಯ ಜಪಾನಿನ ಭತ್ತ ಚಳಿಗೆ ಸಿಕ್ಕಿ ಜೊಳ್ಳಾಯಿತು. ಕ್ಯಾಮೆರಾ ಅಂಥ ಊರಿಗೆ ಹೋದರೆ ಏನು ತೋರಿಸುತ್ತದೆಂದು ನಮಗೆ ಗೊತ್ತು: ಜೊಳ್ಳು ತೆನೆ ಹಿಡಿದ ಮುದುಕಿಯ ಸುಕ್ಕುಗಟ್ಟಿದ ಕೈ, ಮೇಲೊಂದಿಷ್ಟು ಕೊಳಲು. ಒಗಾವಾ ತಂಡ ಮಾತ್ರ ಪ್ರಶ್ನೆ ಹಿಡಿದು ಹೊರಟಿತು. ಒಂದೇ ಊರು, ಒಂದೇ ಚಳಿ. ಹಾಗಿದ್ದೂ ಈ ಗದ್ದೆ ಅರ್ಧ ಉಳಿದು, ಪಕ್ಕದ್ದು ಪೂರ್ತಿ ಹೋದದ್ದು ಯಾಕೆ?

ಊರವರು ‘ಶಿರೊಮಿನಾಮಿ’ ಎಂಬ ಹೆಸರು ಹೇಳಿದರು. ಬಿಳಿ ತೆಂಕಣಗಾಳಿ ಎಂದರ್ಥ, ಬೆಟ್ಟ ಇಳಿದು ಬರುವ ತಣ್ಣನೆಯ ಮಂಜು. ಸರಿ, ಅದು ಯಾವ ದಾರಿಯಲ್ಲಿ ಇಳಿಯುತ್ತದೆ, ಎಲ್ಲಿ ತಂಗುತ್ತದೆ? ತಂಡದವರು ಇಡೀ ಕಣಿವೆಯ ಮಾದರಿಯೊಂದನ್ನು ಮೇಜಿನ ಮೇಲೆ ಕಟ್ಟಿದರು. ಗುಡ್ಡ, ಹೊಂಡ, ಗದ್ದೆಯ ಮೆಟ್ಟಿಲು ಎಲ್ಲವೂ ಅಳತೆಗೆ ಸರಿಯಾಗಿ. ಮೇಲಿನಿಂದ ಡ್ರೈ ಐಸ್‌ನ ಹೊಗೆ ಬಿಟ್ಟರು. ಬಿಳಿ ಹೊಗೆ ಗುಡ್ಡದ ನೆತ್ತಿಯಿಂದ ಹಾಲು ಉಕ್ಕಿದಂತೆ ಇಳಿದು, ಒಂದು ತಿರುವಿನಲ್ಲಿ ತಡೆದು, ತಗ್ಗಿನ ಗದ್ದೆಗಳ ಮೇಲೆ ಮಲಗಿತು. ಸಾಕ್ಷ್ಯಚಿತ್ರದಲ್ಲಿ ಇಷ್ಟು ಹೊತ್ತು ಒಂದು ಶಾಲಾ ಪ್ರಯೋಗ ತೋರಿಸುವುದುಂಟೇ ಎಂದು ನನ್ನ ಪಕ್ಕದಲ್ಲಿದ್ದವರು ಗೊಣಗಿ ಎದ್ದು ಹೋದರು. ನನಗೆ ಅಷ್ಟು ರೋಚಕವಾದ ದೃಶ್ಯವನ್ನು ಯಾವ ಪತ್ತೇದಾರಿ ಸಿನಿಮಾದಲ್ಲೂ ನೋಡಿದ ನೆನಪಿಲ್ಲ.

ಆಮೇಲೆ ಅವರು ಗದ್ದೆಯಲ್ಲಿ ಗುಂಡಿ ತೋಡಿದರು. ಮಣ್ಣಿನ ಪದರಗಳನ್ನು ಒಂದೊಂದಾಗಿ ಮುಟ್ಟಿ, ಬಣ್ಣ ನೋಡಿ, ನೀರು ಎಲ್ಲಿ ನಿಲ್ಲುತ್ತದೆ, ಬೇರು ಎಲ್ಲಿಯವರೆಗೆ ಇಳಿದಿದೆ ಎಂದು ವಿವರಿಸಿದರು. ಇಷ್ಟೆಲ್ಲ ಆಗುವ ಹೊತ್ತಿಗೆ ಚಿತ್ರ ಬಹಳ ದೂರ ಬಂದಿರುತ್ತದೆ. ಅದಾದ ಮೇಲೆಯೇ ಅದು ಮನೆಯೊಳಗೆ ಕಾಲಿಡುವುದು: ಇದ್ದಿಲು ಸುಡುವವರ ಮಾತು, ರೇಷ್ಮೆಯ ಕಾಲದ ಮಾತು, ಈ ಎಂಟು ಮನೆಯ ಊರಿನಿಂದಲೂ ಯುದ್ಧಕ್ಕೆ ಹೋದವರ ಮಾತು. ಯಾರೂ ಅವಸರ ಮಾಡುವುದಿಲ್ಲ. ಮಣ್ಣಿನ ವಿಷಯದಲ್ಲಿ ಇಷ್ಟು ಕಷ್ಟಪಟ್ಟವರ ಎದುರು ಮನಸ್ಸು ಬಿಚ್ಚಲು ಊರವರಿಗೂ ಅಡ್ಡಿ ಇದ್ದಂತಿಲ್ಲ. ಯುದ್ಧದಂಥ ದೊಡ್ಡ ಸಂಗತಿ ಅಲ್ಲಿ ನೆರೆಮನೆಯ ಸುದ್ದಿಯಷ್ಟು ಹತ್ತಿರದಲ್ಲಿ ಕೇಳಿಸುತ್ತದೆ. ಶೀರ್ಷಿಕೆಯಲ್ಲಿ ‘ದೇಶ’ ಯಾಕಿದೆ ಎಂಬುದು ಆಗ ತಿಳಿಯುತ್ತದೆ. ಈ ಚಿತ್ರಕ್ಕೆ 1984ರ ಬರ್ಲಿನ್ ಚಿತ್ರೋತ್ಸವದಲ್ಲಿ ಅಂತರರಾಷ್ಟ್ರೀಯ ವಿಮರ್ಶಕರ ಪ್ರಶಸ್ತಿ ಬಂತು.

ನಿಧಾನದ ಸಿನಿಮಾ ಎಂದೊಡನೆ ನಮ್ಮಲ್ಲಿ ಕ್ಯಾಮೆರಾವನ್ನು ಮೂರುಕಾಲಿನ ಮೇಲೆ ನಿಲ್ಲಿಸಿ, ಎಮ್ಮೆಯೊಂದು ಚೌಕಟ್ಟಿನ ಈ ತುದಿಯಿಂದ ಆ ತುದಿಗೆ ಹೋಗುವವರೆಗೆ ಸುಮ್ಮನಿರುವುದು ಎಂಬ ಭಾವನೆ ಇದೆ. ಚಿತ್ರೋತ್ಸವಗಳಲ್ಲಿ ಅಂಥ ಎಮ್ಮೆಗಳನ್ನು ನಾನು ಬೇಕಾದಷ್ಟು ನೋಡಿದ್ದೇನೆ. ನೋಡುವವನಿಗೆ ತಾನು ಏನು ನೋಡುತ್ತಿದ್ದೇನೆಂದು ಗೊತ್ತಿಲ್ಲದಿದ್ದರೆ ಹತ್ತು ನಿಮಿಷದ ಶಾಟ್ ಕೂಡ ಅವಸರದ್ದೇ. ಒಗಾವಾನ ನಿಧಾನ ಬೇರೆ ಜಾತಿಯದ್ದು. ಅದನ್ನು ಆತ ಕಲಿತದ್ದು ಹಳ್ಳಿಯ ಶಾಂತಿಯಲ್ಲಿ ಅಂದುಕೊಂಡರೆ ತಪ್ಪು. ಕಲಿತದ್ದು ಲಾಠಿ ಏಟಿನ ನಡುವೆ.

ಬೆಂಗಳೂರಿನಿಂದ ಟೋಕಿಯೊಗೆ ನೇರ ವಿಮಾನ ಹಿಡಿದ ನಮ್ಮ ಸಾಫ್ಟ್‌ವೇರ್ ಹುಡುಗರು ಇಳಿಯುವ ನರಿಟಾ ನಿಲ್ದಾಣವಿದೆಯಲ್ಲ, ಅದು ನಿಂತಿರುವುದು ಸಾನ್ರಿಝುಕಾ ಎಂಬ ಪ್ರದೇಶದ ಹೊಲಗಳ ಮೇಲೆ. 1966ರಲ್ಲಿ ಸರ್ಕಾರ ಅಲ್ಲಿನ ರೈತರನ್ನು ಒಂದು ಮಾತೂ ಕೇಳದೆ ನಿಲ್ದಾಣದ ಜಾಗ ಘೋಷಿಸಿತು. ಯುದ್ಧ ಮುಗಿದ ಮೇಲೆ ಕಾಡು ಕಡಿದು ಹೊಲ ಮಾಡಿಕೊಂಡವರು ಅವರಲ್ಲಿ ಅನೇಕರು. ರೈತರು ತಿರುಗಿಬಿದ್ದರು, ವಿದ್ಯಾರ್ಥಿಗಳು ಜೊತೆಗೂಡಿದರು, ವರ್ಷಗಟ್ಟಲೆ ಕಾದಾಟ ನಡೆಯಿತು. ನಿಲ್ದಾಣ ತೆರೆದದ್ದು 1978ರಲ್ಲಿ. ಒಪ್ಪದ ಕೆಲವರ ಹೊಲಗಳು ರನ್‌ವೇಯ ಮಗ್ಗುಲಲ್ಲೇ ಉಳಿದವು.

ಇವಾನಾಮಿ ಎಂಬ ಕಂಪನಿಯಲ್ಲಿ ಪ್ರಚಾರಚಿತ್ರಗಳ ಕೆಲಸ ಕಲಿತು ಹೊರಬಂದಿದ್ದ ಒಗಾವಾ ಗೆಳೆಯರನ್ನು ಕಟ್ಟಿಕೊಂಡು 1968ರಲ್ಲಿ ಸಾನ್ರಿಝುಕಾಕ್ಕೆ ಬಂದ. ಅದೇ ಇವಾನಾಮಿಯಿಂದ ಬಂದ ಇನ್ನೊಬ್ಬ, ತ್ಸುಚಿಮೊತೊ ನೊರಿಯಾಕಿ, ಪಾದರಸದ ವಿಷ ಉಂಡ ಮಿನಾಮಾತಾದ ಮೀನುಗಾರರ ಜೊತೆ ಇದೇ ರೀತಿ ಹಲವು ವರ್ಷ ಕಳೆದ. ಅದು ಇನ್ನೊಂದು ದೊಡ್ಡ ಕಥೆ. ಒಗಾವಾ ತಂಡ ಹಳ್ಳಿಯಲ್ಲೇ ಬಿಡಾರ ಹೂಡಿತು. 1977ರವರೆಗೆ ಸಾನ್ರಿಝುಕಾದ ಮೇಲೆ ಏಳು ಚಿತ್ರ ಮಾಡಿತು. ಕ್ಯಾಮೆರಾ ಪೊಲೀಸರ ಸಾಲಿನ ಹಿಂದೆ ನಿಲ್ಲಲಿಲ್ಲ. ಅದು ಇದ್ದದ್ದು ರೈತರ ಕಡೆ, ಕಲ್ಲು ತೂರುವವರ ಬೆನ್ನಿಗೆ, ಏಟು ಬೀಳುವ ಜಾಗದಲ್ಲಿ.

1971ರ ‘ಎರಡನೇ ಕೋಟೆಯ ಜನ’ ಚಿತ್ರದಲ್ಲಿ ಹೊರಗೆ ಬುಲ್‌ಡೋಜರ್ ಬಂದು ನಿಂತಿದೆ, ಹೆಂಗಸರು ತಮ್ಮನ್ನು ಸರಪಳಿಯಲ್ಲಿ ಕಟ್ಟಿಕೊಂಡಿದ್ದಾರೆ. ಒಳಗೆ, ತಾವೇ ತೋಡಿದ ಸುರಂಗದಲ್ಲಿ, ಗಾಳಿ ಆಡಲು ಏನು ವ್ಯವಸ್ಥೆ ಮಾಡಿದ್ದೇವೆಂದು ರೈತನೊಬ್ಬ ತಾನು ಕಟ್ಟಿದ ಹೊಸ ಕೊಟ್ಟಿಗೆ ತೋರಿಸುವ ಹುರುಪಿನಲ್ಲಿ ವಿವರಿಸುತ್ತಾನೆ. ಒಗಾವಾಗೆ ದಾರಿ ಸಿಕ್ಕಿದ್ದು ಇಲ್ಲೇ ಎಂದು ನನ್ನ ಊಹೆ. ಘೋಷಣೆ ಕೂಗುವಾಗ ಎಲ್ಲ ರೈತರೂ ಒಂದೇ ಥರ ಕಾಣುತ್ತಾರೆ. ತನ್ನ ಕೈಕೆಲಸದ ಬಗ್ಗೆ ಹೇಳುವಾಗ ಒಬ್ಬೊಬ್ಬನೂ ಬೇರೆ.

1973ರಲ್ಲಿ, ಸಾನ್ರಿಝುಕಾದ ಹೆಟಾ ಎಂಬ ಕೇರಿಯ ಮೇಲಿನ ‘ಹೆಟಾ ಬುರಾಕು’ ಬಂದಾಗ ಹೋರಾಟದ ಗೆಳೆಯರಿಗೆ ಕಸಿವಿಸಿಯಾಗಿರಬೇಕು. ಅದರಲ್ಲಿ ಕಾದಾಟವೇ ಇಲ್ಲ. 1971ರ ಸೆಪ್ಟೆಂಬರಿನ ಘರ್ಷಣೆಯಲ್ಲಿ ಮೂವರು ಪೊಲೀಸರು ಸತ್ತಿದ್ದರು, ಹೆಟಾದ ಹುಡುಗರನ್ನು ಒಬ್ಬೊಬ್ಬರಾಗಿ ಎಳೆದೊಯ್ಯಲಾಗುತ್ತಿತ್ತು. ಕ್ಯಾಮೆರಾ ಮಾತ್ರ ಊರಿನಲ್ಲೇ ಕೂತಿದೆ. ಮುದುಕರು ಮಾತಾಡುತ್ತಾರೆ, ಮುದುಕಿಯರು ಸೇರುತ್ತಾರೆ, ಸತ್ತವರ ಸಮಾಧಿಯ ಮಾತು ಬರುತ್ತದೆ, ಸಭೆ ನಡೆಯುತ್ತದೆ. ಒಬ್ಬರು ಬಾಯಿ ತೆರೆದರೆ ಅವರ ಮಾತು ಮುಗಿಯುವವರೆಗೆ ಕತ್ತರಿ ಬೀಳುವುದಿಲ್ಲ. ಛಾಯಾಗ್ರಾಹಕ ತಮುರಾ ಮಸಾಕಿ ಮುಂದೆ ಜಪಾನಿನ ದೊಡ್ಡ ಹೆಸರಾದ. ‘ತಾಂಪೊಪೊ’, ‘ಯುರೇಕಾ’ ಆತನ ಕೆಲಸವೇ. ಹೆಟಾದಲ್ಲಿ ಆತ ಮಾತಾಡುವವರ ಉಸಿರಿಗೆ ತಾಳ ಹಾಕಿ ಕೂತಂತೆ ಕಾಣುತ್ತದೆ. ಅವರು ಸುಮ್ಮನಾದ ಕಡೆ ಅವನೂ ಮಿಸುಕುವುದಿಲ್ಲ. ತಾಳಮದ್ದಳೆಯಲ್ಲಿ ಅರ್ಥಧಾರಿ ಮಾತು ನಿಲ್ಲಿಸಿದಾಗ ಮದ್ದಳೆಯವರು ಬೆರಳು ಎತ್ತಿ ಕಾಯುತ್ತಾರಲ್ಲ, ಹಾಗೆ.

ಇಷ್ಟು ವರ್ಷ ರೈತರ ನಡುವೆ ಇದ್ದೂ ತಂಡದವರಿಗೆ ಒಂದು ಕೊರತೆ ಉಳಿದಿತ್ತು. ಅವರು ರೈತರ ಹೋರಾಟ ಬಲ್ಲವರು, ಬೇಸಾಯ ಬಲ್ಲವರಲ್ಲ. ಆ ಹೊತ್ತಿಗೆ ಯಾಮಗಾತಾದ ಕಾಮಿನೊಯಾಮಾ ಪೇಟೆಯ ಹೊರಗಿನ ಮಾಗಿನೊ ಎಂಬ ಹಳ್ಳಿಯಿಂದ ಕರೆ ಬಂತು. ಕರೆದವನು ಕಿಮುರಾ ಮಿಚಿಯೊ, ರೈತ ಮತ್ತು ಕವಿ. ‘ನಮ್ಮೂರಿಗೆ ಬಂದು ಇರಿ’ ಎಂದ. 1974ರ ಹೊತ್ತಿಗೆ ಒಗಾವಾ ತಂಡ ಗಂಟುಮೂಟೆ ಕಟ್ಟಿಕೊಂಡು ಅಲ್ಲಿಗೆ ಹೋಯಿತು. ಸಿಕ್ಕ ಮನೆಯಲ್ಲಿ ಒಟ್ಟಿಗೆ ವಾಸ, ಒಂದೇ ಒಲೆ. ಗದ್ದೆಯೂ ಸಿಕ್ಕಿತು. ಅದರಲ್ಲಿ ತಾವೇ ಭತ್ತ ನೆಟ್ಟರು. ಫುರುಯಾಶಿಕಿಯ ಚಿತ್ರವೂ ಈ ವರ್ಷಗಳದ್ದೇ. ಹದಿಮೂರು ವರ್ಷಗಳ ದುಡಿಮೆಯ ಕೊನೆಗೆ ಬಂದದ್ದು ಅವರ ದೊಡ್ಡ ಚಿತ್ರ.

ಅದಕ್ಕೆ ಮುನ್ನ, 1977ರಲ್ಲಿ, ರೇಷ್ಮೆ ಸಾಕಣೆಯ ಮೇಲೆ ಒಂದು ಚಿತ್ರ ಬಂತು. ಒಗಾವಾನ ಹೆಂಡತಿ ಶಿರೈಶಿ ಯೊಕೊ ಊರಿನ ಹೆಂಗಸರಿಂದ ಹುಳು ಸಾಕುವುದನ್ನು ಕಲಿಯುವ ಕಥೆ ಅದು. ಅಷ್ಟೇ. ಅದನ್ನು ಕನ್ನಡದವರು ನೋಡಬೇಕು, ಅದರಲ್ಲೂ ರಾಮನಗರ, ಶಿಡ್ಲಘಟ್ಟ, ಕೊಳ್ಳೇಗಾಲದ ಕಡೆಯವರು. ಹುಳು ಪೊರೆ ಬಿಡುವುದಕ್ಕೆ ನಮ್ಮವರು ‘ಜ್ವರ’ ಅನ್ನುತ್ತಾರೆ. ಮೊದಲ ಜ್ವರ, ಎರಡನೇ ಜ್ವರ ಎಂದು ನಾಲ್ಕು ಜ್ವರ ದಾಟಿಸಿದ ಮೇಲೆ ಹುಳು ‘ಹಣ್ಣಾಗುತ್ತದೆ’. ಹಣ್ಣು ಹುಳುವನ್ನು ಆರಿಸಿ ಚಂದ್ರಿಕೆಗೆ ಬಿಡುವ ಆ ಒಂದೆರಡು ದಿನ ಮನೆಯಲ್ಲಿ ಯಾರಿಗೂ ನಿದ್ದೆ ಇಲ್ಲ. ಸೊಪ್ಪು ಮೇಯುವ ಹುಳುಗಳ ಸದ್ದು, ಹಂಚಿನ ಮೇಲೆ ಸೋನೆ ಮಳೆ ಬಿದ್ದಂತೆ ಕೇಳುವ ಆ ಸದ್ದು, ಎರಡೂ ದೇಶದಲ್ಲಿ ಒಂದೇ. ಈ ನಂಟು ಹಳೆಯದು. ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಜಮ್‌ಶೆಟ್‌ಜಿ ಟಾಟಾ ಜಪಾನಿ ಪರಿಣತರ ನೆರವಿನಿಂದ ಬೆಂಗಳೂರಿನಲ್ಲಿ ನಡೆಸಿದ ರೇಷ್ಮೆ ತೋಟದ ಹೆಸರು ಇಂದೂ ‘ಟಾಟಾ ಸಿಲ್ಕ್ ಫಾರ್ಮ್’ ಎಂಬ ಬಡಾವಣೆಯಾಗಿ ಬದುಕಿದೆ. ಸುಮಾರು ನೂರು ವರ್ಷದ ನಂತರ, 1991ರಿಂದ, ಜಪಾನ್ ಸರ್ಕಾರದ ನೆರವು ಸಂಸ್ಥೆ ಜೈಕಾದ ಮೂಲಕ ಜಪಾನಿ ತಜ್ಞರು ಮತ್ತೆ ಬಂದರು. ಮೈಸೂರಿನ ರೇಷ್ಮೆ ಸಂಶೋಧನಾ ಸಂಸ್ಥೆಯವರ ಜೊತೆ ದ್ವಿತಳಿ ಗೂಡಿನ ಕೆಲಸ ಮಾಡಿದರು. ಆ ಹೊತ್ತಿಗೆ ಅವರದೇ ದೇಶದ ಹಳ್ಳಿಗಳಲ್ಲಿ ರೇಷ್ಮೆ ಮುಗಿಯುತ್ತ ಬಂದಿತ್ತು. ನಮ್ಮ ಒಂದು ಮನೆಯ ಹುಳುವಿನ ಕೋಣೆಯನ್ನು ಚಾಕಿಯಿಂದ ಗೂಡಿನವರೆಗೆ ಹೀಗೆ ಯಾರಾದರೂ ಚಿತ್ರಿಸಿಟ್ಟರೆ ಎಷ್ಟು ಚೆನ್ನ ಎಂದು ಆಸೆಯಾಗುತ್ತದೆ.

ದೊಡ್ಡ ಚಿತ್ರದ ಹೆಸರೂ ದೊಡ್ಡದು: ‘ಸಾವಿರ ವರ್ಷದ ಗೀರುಗಳ ನೆರಳು ಗಡಿಯಾರ: ಮಾಗಿನೊ ಗ್ರಾಮದ ಕಥೆ’. 1986ರಲ್ಲಿ ಮುಗಿಯಿತು, 222 ನಿಮಿಷ. ಆರಂಭದಲ್ಲಿ ಭತ್ತ. ಆಮೇಲೂ ಭತ್ತ. ಉಷ್ಣಮಾಪಕ ಹಿಡಿದು ಗದ್ದೆಯಲ್ಲಿ ನಿಂತವರು, ಗ್ರಾಫ್ ಕಾಗದದ ಮೇಲೆ ಗೆರೆ ಎಳೆಯುವವರು, ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟವರು. ಆಮೇಲೆ, ಒಂದು ಹೂ ಅರಳುತ್ತದೆ.

ಭತ್ತದ ಹೂವನ್ನು ನೋಡಿದವರು ನಮ್ಮಲ್ಲೂ ಕಡಿಮೆ. ಅನ್ನ ಉಂಡು ಬೆಳೆದ ನಾನೇ ನಲವತ್ತು ದಾಟುವವರೆಗೆ ನೋಡಿರಲಿಲ್ಲ. ಅದಕ್ಕೆ ಎಸಳಿಲ್ಲ, ಬಣ್ಣವಿಲ್ಲ, ಪರಿಮಳ ಇದ್ದರೂ ಇಲ್ಲದ ಹಾಗೆ. ಹೊಡೆಯಿಂದ ಹೊರಬಂದ ತೆನೆಯಲ್ಲಿ, ಬಿಸಿಲು ಏರುವ ಹೊತ್ತಿಗೆ, ಒಂದೊಂದು ಕಾಳಿನ ಹೊಟ್ಟೂ ಕೊಕ್ಕಿನಂತೆ ಬಾಯಿ ತೆರೆಯುತ್ತದೆ. ಬುಡದಲ್ಲಿರುವ ಎರಡು ಪುಟ್ಟ ಅಂಗಗಳು ನೀರು ಕುಡಿದು ಉಬ್ಬಿ ಹೊಟ್ಟನ್ನು ಒಳಗಿನಿಂದ ತಳ್ಳುತ್ತವೆ. ಆರು ಕೇಸರಗಳು ನೂಲಿನ ಮೇಲೆ ತೂಗುತ್ತ ಹೊರಬರುತ್ತವೆ. ಪರಾಗ ಉದುರುತ್ತದೆ, ಗರಿಯಂಥ ಶಲಾಕಾಗ್ರಕ್ಕೆ ತಗುಲುತ್ತದೆ. ಒಂದು ಗಂಟೆಯ ಆಸುಪಾಸಿನಲ್ಲಿ ಹೊಟ್ಟು ಮತ್ತೆ ಮುಚ್ಚುತ್ತದೆ. ಆ ಕಾಳಿನ ಬಾಳಿನಲ್ಲಿ ಅದು ತೆರೆಯುವುದು ಅದೊಂದೇ ಸಲ. ಕೇಸರಗಳು ಹೊರಗೇ ಜೋತುಬಿದ್ದು ಒಣಗುತ್ತವೆ. ನಾವು ದೂರದಿಂದ ‘ಹೂ ಬಿಟ್ಟಿದೆ’ ಅನ್ನುವುದು ಬಹುಪಾಲು ಆ ಒಣಗಿದವನ್ನು ನೋಡಿ.

ಮಾಗಿನೊದವರು ಇದನ್ನು ಒಂದೊಂದೇ ಚೌಕಟ್ಟಾಗಿ ತೆಗೆದು, ಕಾಲವನ್ನು ಹಿಗ್ಗಿಸಿ ಕುಗ್ಗಿಸಿ ತೋರಿಸಿದರು. ಅದು ಬರೀ ಸೊಗಸಿಗಲ್ಲ. ತೆನೆ ಇನ್ನೂ ಹೊಡೆಯೊಳಗೆ ಇರುವಾಗಲೇ ಚಳಿ ಬಿದ್ದರೆ ಪರಾಗ ಕಟ್ಟುವುದಿಲ್ಲ. ಹೊಟ್ಟು ತೆರೆದರೂ ಒಳಗೆ ಏನೂ ಆಗುವುದಿಲ್ಲ. ಜೊಳ್ಳು. ಆ ದಿನಗಳಲ್ಲಿ ಈಶಾನ್ಯ ಜಪಾನಿನ ರೈತರು ಗದ್ದೆಗೆ ನೀರು ಏರಿಸಿ ನಿಲ್ಲಿಸುತ್ತಾರೆ, ಒಳಗಿನ ಎಳೆ ತೆನೆಗೆ ನೀರಿನ ಕಂಬಳಿ ಹೊದೆಸಿದ ಹಾಗೆ. ಇದು ಗೊತ್ತಾದ ಮೇಲೆ ಆ ಪುಟ್ಟ ಹೂವನ್ನು ನೋಡುವಾಗ ಎದೆ ಡವಗುಟ್ಟುತ್ತದೆ.

ಭತ್ತದಿಂದ ಚಿತ್ರ ನೆಲದಡಿಗೆ ಇಳಿಯುತ್ತದೆ. ಅಗೆದಾಗ ಸಾವಿರಾರು ವರ್ಷ ಹಿಂದಿನ ಜೋಮೊನ್ ಕಾಲದ ಮಡಕೆ ಚೂರು ಸಿಗುತ್ತವೆ. ಅಲ್ಲಿಂದ ಊರಿನ ದೇವರು, ಐತಿಹ್ಯ. ಇದ್ದಕ್ಕಿದ್ದಂತೆ ಸಾಕ್ಷ್ಯಚಿತ್ರ ನಾಟಕವಾಗುತ್ತದೆ. ಬುಟೊ ಎಂಬ ಜಪಾನಿ ನೃತ್ಯದ ಆದ್ಯ ಹಿಜಿಕಾಟಾ ತತ್ಸುಮಿಯಂಥ ಕಲಾವಿದ ಊರಿನ ಹಳೆಯ ಕಥೆಯೊಂದರಲ್ಲಿ ಪಾತ್ರವಾಗಿ ಬರುತ್ತಾನೆ. ಹದಿನೆಂಟನೇ ಶತಮಾನದಲ್ಲಿ ಕಂದಾಯದ ಹೊರೆಗೆ ಬಂಡೆದ್ದು ಜೀವ ತೆತ್ತ ರೈತರ ಕಥೆಯನ್ನು ಊರಿನವರೇ ವೇಷ ಹಾಕಿ ಆಡುತ್ತಾರೆ. ಬೆಳಿಗ್ಗೆ ಗದ್ದೆಗೆ ಗೊಬ್ಬರ ಹೊತ್ತವರು ಮಧ್ಯಾಹ್ನ ತಮ್ಮದೇ ಹಿರಿಯರಾಗಿ ವಿಚಾರಣೆಗೆ ನಿಲ್ಲುತ್ತಾರೆ. ನಟನೆ ಮೊದಮೊದಲು ಬಿಗುವಾಗಿದೆ. ನಮ್ಮೂರ ಜಾತ್ರೆಯ ನಾಟಕದಲ್ಲಿ ಕಂಪನಿ ವೇಷ ಬಾಡಿಗೆಗೆ ತಂದು ದುರ್ಯೋಧನನಾಗುವ ಸೊಸೈಟಿ ಸೆಕ್ರೆಟರಿಯ ಹಾಗೆ. ಆದರೆ ಮುಖದಲ್ಲಿ ಒಂದು ಹಂತದಲ್ಲಿ ಏನೋ ಬದಲಾಗುತ್ತದೆ. ಹಿರಿಯರ ಮಾತನ್ನು ತಮ್ಮ ಬಾಯಲ್ಲಿ ಕೇಳಿಸಿಕೊಂಡು ಅವರೇ ಬೆಚ್ಚಿದಂತೆ.

ಊರಿನಲ್ಲಿ ಹದಿಮೂರು ವರ್ಷ ಬಾಳಿದವನಿಗಲ್ಲದೆ ಆ ಧೈರ್ಯ ಬರುತ್ತಿರಲಿಲ್ಲ. ವಾರದ ಮಟ್ಟಿಗೆ ಬಂದವನು ಊರವರಿಗೆ ವೇಷ ಹಾಕಿಸಿದರೆ ಅದು ದೊಡ್ಡಪ್ಪನ ಕೈಗೆ ಹೆಂಟೆ ಕೊಟ್ಟಂತೆ.

1987ರಲ್ಲಿ ಕ್ಯೋಟೊದಲ್ಲಿ ಈ ಒಂದು ಚಿತ್ರ ತೋರಿಸುವುದಕ್ಕೆಂದೇ ಮಣ್ಣು, ಹುಲ್ಲು, ಮರದ ದಿಮ್ಮಿಗಳಿಂದ ತಾತ್ಕಾಲಿಕ ಚಿತ್ರಮಂದಿರ ಕಟ್ಟಿದರು. ಕೆಲಸ ಮುಗಿದ ಮೇಲೆ ಬಿಚ್ಚಿದರು, ಕಣದ ಚಪ್ಪರ ಬಿಚ್ಚಿದಂತೆ.

ಈಗ ಹೇಳಲೇಬೇಕಾದ ಕಹಿ ಮಾತು. ಹದಿಮೂರು ವರ್ಷದ ನಿಧಾನಕ್ಕೆ ದುಡ್ಡು ಎಲ್ಲಿಂದ ಬಂತು? ಬಹುಪಾಲು ಎಲ್ಲಿಂದಲೂ ಬರಲಿಲ್ಲ. ತಂಡದಲ್ಲಿ ಸಂಬಳ ಎಂಬುದು ಇರಲಿಲ್ಲ. ಹುಡುಗರು ಓದು ಬಿಟ್ಟು ಬಂದು ತಮ್ಮ ಇಪ್ಪತ್ತು-ಮೂವತ್ತರ ಹರೆಯವನ್ನು ಅಲ್ಲಿ ಹಾಕಿದರು. ಹೆಂಗಸರು ಸಿನಿಮಾ ಮಾಡಲು ಬಂದು ಹೆಚ್ಚಾಗಿ ಅಡುಗೆ ಮಾಡಿದರು. ಒಗಾವಾ ಮಾತಿನ ಮಲ್ಲ. ರಾತ್ರಿಯಿಡೀ ಮಾತಾಡಿ ಎದುರಿನವರನ್ನು ಒಪ್ಪಿಸಿಬಿಡುವವನು. ತನ್ನ ಬಾಲ್ಯದ ಬಗ್ಗೆ ಆತ ಹೇಳಿಕೊಂಡ ಕಥೆಗಳಲ್ಲಿ ಕೆಲವು ಕಟ್ಟುಕಥೆ ಎಂಬುದು ಸತ್ತ ಮೇಲೆ ಗೊತ್ತಾಯಿತು. ಸತ್ಯಕ್ಕಾಗಿ ಗದ್ದೆಯ ಮಣ್ಣನ್ನು ಪದರ ಪದರವಾಗಿ ಅಗೆದವನು ತನ್ನ ಬುಡವನ್ನು ಮುಚ್ಚಿಟ್ಟಿದ್ದ. ಸಾಲ ಬೆಟ್ಟದಷ್ಟಾಗಿತ್ತು. 1992ರಲ್ಲಿ ಆತ ಕ್ಯಾನ್ಸರ್‌ನಿಂದ ತೀರಿಕೊಂಡಾಗ ಅದು ಉಳಿದವರ ತಲೆಗೆ ಬಂತು. ಅಮೆರಿಕದ ಬಾರ್ಬರಾ ಹ್ಯಾಮರ್ 2000ದಲ್ಲಿ ಮಾಡಿದ ‘ಡಿವೋಷನ್’ ಎಂಬ ಚಿತ್ರದಲ್ಲಿ ತಂಡದ ಹಳಬರು ಇದನ್ನೆಲ್ಲ ಬಾಯಿಬಿಟ್ಟು ಹೇಳಿದ್ದಾರೆ. ಸಿಟ್ಟು, ಪ್ರೀತಿ ಎರಡೂ ಇವೆ, ಬಿಡಿಸಲಾಗದಂತೆ. ಭಕ್ತಿ ಎಂಬ ಆ ಹೆಸರಿನಲ್ಲಿ ಚುಚ್ಚೂ ಇದೆ.

ಹಾಗಾಗಿ ಆ ಚಿತ್ರಗಳನ್ನು ಮೆಚ್ಚುವಾಗ ನನಗೆ ಅರೆಮನಸ್ಸು. ಭತ್ತದ ಹೂವಿಗಾಗಿ ಕಾಯುತ್ತಿದ್ದ ಗಂಡಸರಿಗೆ ಹೊತ್ತಿಗೆ ಸರಿಯಾಗಿ ಚಹಾ ತಂದುಕೊಟ್ಟವರು ಯಾರು ಎಂಬ ಪ್ರಶ್ನೆಯನ್ನು ಆ 222 ನಿಮಿಷ ಕೇಳುವುದಿಲ್ಲ.

ಇದಕ್ಕಿಂತ ಕಡಿಮೆ ಖರ್ಚಿನಲ್ಲೂ ಕೆಲಸ ಸಾಧ್ಯವಿತ್ತು. ತಂಡದ ಫುಕುಡಾ ಕಾತ್ಸುಹಿಕೊ ಎಲ್ಲರೂ ಮಾಗಿನೊಗೆ ಹೋದಮೇಲೆ ಸಾನ್ರಿಝುಕಾದಲ್ಲೇ ಉಳಿದ. 8 ಎಂಎಂ ಕ್ಯಾಮೆರಾದಲ್ಲಿ, ಹೊಲದಲ್ಲಿ ಕೂತು ಕಳೆ ಕೀಳುವ ಒಬ್ಬ ಮುದುಕಿಯನ್ನು ಚಿತ್ರಿಸಿ 1985ರಲ್ಲಿ ಒಂದು ಚಿತ್ರ ಮಾಡಿದ. ಆಕೆ ಕಳೆ ಕೀಳುತ್ತ ತನ್ನ ಬಾಳು ಹೇಳುತ್ತಾಳೆ. ಅಷ್ಟಕ್ಕೇ ಅದು ತುಂಬಿದ ಚಿತ್ರ. ಫ್ರಾನ್ಸ್‌ನ ರೇಮಂಡ್ ದಪಾರ್ದಾನ್ ರೈತರ ಮಗ. ಸುಮಾರು ಹತ್ತು ವರ್ಷ ಅದೇ ಕೆಲವು ಬೆಟ್ಟದ ಮನೆಗಳಿಗೆ ಮತ್ತೆ ಮತ್ತೆ ಹೋಗಿ, ಅಡುಗೆಮನೆಯ ಮೇಜಿನ ಎದುರು ಕ್ಯಾಮೆರಾ ಇಟ್ಟು ಮೂರು ಚಿತ್ರ ಮಾಡಿದ. ಮೂರನೆಯದು, ‘ಲಾ ವಿ ಮಾಡರ್ನ್’, 2008ರದ್ದು. ಅವನ ಮುದುಕರು ಮಾತಾಡುವುದೇ ಕಡಿಮೆ. ಕಾಫಿ ಆರುತ್ತದೆ, ನಾಯಿ ಒಳಬಂದು ಹೊರಹೋಗುತ್ತದೆ. ಅದೂ ಚೆನ್ನ. ಅಲ್ಲಿಯ ಮೌನಕ್ಕಿಂತ ಮಾಗಿನೊದ ಗಲಾಟೆ ನನಗೆ ಹೆಚ್ಚು ಹಿಡಿಸುವುದು, ಬಹುಶಃ ನಾನು ಮಾತಿನ ಊರಿನವನಾದ್ದರಿಂದ.

ಒಗಾವಾ ಉಳಿಸಿಹೋದದ್ದು ಸಾಲ ಮಾತ್ರವಲ್ಲ ಎನ್ನಿ. 1989ರಲ್ಲಿ ಯಾಮಗಾತಾ ನಗರಸಭೆಗೆ ನೂರು ವರ್ಷ ತುಂಬಿದಾಗ ಆತನ ಒತ್ತಾಸೆಯಿಂದ ಅಲ್ಲೊಂದು ಸಾಕ್ಷ್ಯಚಿತ್ರೋತ್ಸವ ಆರಂಭವಾಯಿತು. ಎರಡು ವರ್ಷಕ್ಕೊಮ್ಮೆ ಈಗಲೂ ನಡೆಯುತ್ತದೆ, ಏಷ್ಯಾದ ಹೊಸಬರಿಗೆ ಒಗಾವಾ ಶಿನ್ಸುಕೆ ಹೆಸರಿನ ಬಹುಮಾನ ಕೊಡುತ್ತದೆ. ಅರ್ಧಕ್ಕೆ ನಿಂತಿದ್ದ ಆತನ ಪರ್ಸಿಮನ್ ಹಣ್ಣಿನ ಚಿತ್ರವನ್ನು ಚೀನಾದ ಪೆಂಗ್ ಶಿಯಾವೊಲಿಯಾನ್ ಎಂಬಾಕೆ 2001ರಲ್ಲಿ ಮುಗಿಸಿದಳು. ಹಣ್ಣಿನ ಸಿಪ್ಪೆ ಹೆರೆಯುವುದು, ದಾರಕ್ಕೆ ಪೋಣಿಸಿ ಸೂರಿಗೆ ತೂಗುಹಾಕಿ ಒಣಗಿಸುವುದು, ಹೆರೆಯುವ ಯಂತ್ರವನ್ನು ಊರಿನವರೇ ತಿದ್ದಿ ತಿದ್ದಿ ಸುಧಾರಿಸಿದ್ದು. ನಮ್ಮ ಕಡೆಯ ಅಡಿಕೆ ಸುಲಿಯುವ ಯಂತ್ರಗಳ ಹಿಂದೆ ಬಿದ್ದವರನ್ನು ಕಂಡವರಿಗೆ ಆ ಮುಖಗಳ ಪರಿಚಯ ಬೇಕಿಲ್ಲ.

ಕಳೆದ ಬಾರಿ ಊರಿಗೆ ಹೋದಾಗ ದೊಡ್ಡಪ್ಪನಿಗೆ ಆ ಡ್ರೈ ಐಸ್ ಹೊಗೆಯ ಭಾಗವನ್ನು ಮೊಬೈಲಿನಲ್ಲಿ ತೋರಿಸಿದೆ. ಈಗ ಅವರಿಗೆ ಎಂಬತ್ತರ ಮೇಲೆ. ಸಾಗುವಳಿ ಅಣ್ಣನ ಕೈಯಲ್ಲಿದೆ. ಮೇಲಿನ ಎರಡು ಗದ್ದೆಗೆ ಅಡಿಕೆ ಹಾಕಿಯಾಗಿದೆ. ಜಗಲಿಯ ಕಂಬಕ್ಕೆ ಒರಗಿ, ಕನ್ನಡಕ ಹಣೆಗೇರಿಸಿ, ಮೊಬೈಲನ್ನು ಮೂಗಿನ ಹತ್ತಿರ ಹಿಡಿದು ನೋಡಿದರು. ಭಾಷೆ ಗೊತ್ತಿಲ್ಲ, ಕೆಳಗೆ ಬರುವ ಇಂಗ್ಲಿಷೂ ಗೊತ್ತಿಲ್ಲ. ಕವಳದ ರಸ ಬಾಯಲ್ಲಿ ತುಂಬಿದ್ದರೂ ಉಗುಳಲು ಏಳಲಿಲ್ಲ. ಹೊಗೆ ಇಳಿದು ಗದ್ದೆಗಳ ಮೇಲೆ ಮಲಗಿದಾಗ ‘ಹ್ಞೂಂ’ ಅಂದರು, ಬಾಯಿ ಮುಚ್ಚಿಕೊಂಡೇ.

ಮುಗಿದ ಮೇಲೆ ಎದ್ದು ಹೋಗಿ ಅಂಗಳದಂಚಿಗೆ ಉಗುಳಿ ಬಂದರು.

‘ಗಾಳಿ ಆಯ್ತು. ನೀರಿನದ್ದು ನೋಡಿದ್ರನಾ ಅವರು?’

‘ಯಾವ ನೀರು ದೊಡ್ಡಪ್ಪ?’

‘ನಮ್ಮ ಮೇಲಿನ ಗದ್ದೆಗೆ ವರತೆ ನೀರು ಬರ್ತಿತ್ತಲ, ಮಂಜುಗಡ್ಡೆ ಥರ. ನೀರು ಬೀಳೋ ಮೂಲೆಲಿ ಪೈರು ಯಾವಾಗ್ಲೂ ಹದಿನೈದು ದಿನ ತಡ. ಗಾಳಿ ಅಲ್ಲ ಅದು. ನೀರು.’

ಇನ್ನೊಂದು ಚಿತ್ರದಲ್ಲಿ ಅವರು ಗದ್ದೆಯಲ್ಲಿ ಉಷ್ಣಮಾಪಕ ಹಿಡಿದು ಅಳೆಯುತ್ತಾರೆ ಎಂದೆ.

‘ಅದು ಉಂಟನಾ? ಹಾಗಾದ್ರೆ ಅದನ್ನ ಹಾಕು,’ ಎಂದು ದೊಡ್ಡಪ್ಪ ಮತ್ತೆ ಕಂಬಕ್ಕೆ ಒರಗಿದರು.

ನನ್ನ ಮೊಬೈಲಿನಲ್ಲಿ ಚಾರ್ಜ್ ಮುಗಿಯುತ್ತ ಬಂದಿತ್ತು.